‘ಬೇಕಾದ್ರೆ ನಾಳೇನೇ ಬಿಡ್ತೀನಿ’

ಕೆ. ಹೊಸಕೋಟೆ ಸುತ್ತಿನ ಕಾಫಿ ತೋಟಗಳಲ್ಲಿ ಬಟವಾಡೆಯ ಸಂಜೆ ಕೇಳುವ ಮಾತುಗಳಿವು: ‘ಮೈಕೈ ನೋವಿಗೆ ಒಂಚೂರು’, ‘ಈ ಮಳೇಲಿ ಬೇಕಲ್ಲ’, ‘ನಾನೇನು ಕುಡುಕನಾ? ಬೇಕಾದ್ರೆ ನಾಳೇನೇ ಬಿಡ್ತೀನಿ’. ಲೈನ್ ಮನೆಯಲ್ಲೂ ಇದೇ, ಮಾಲೀಕರ ಮನೆಯಲ್ಲೂ ಇದೇ. ಕೇಳಿದವರು ಹಸಿ ಸುಳ್ಳು ಎಂದು ತಳ್ಳಿಹಾಕುತ್ತಾರೆ. ನನಗೆ ಹಾಗನ್ನಿಸುವುದಿಲ್ಲ. ಚಟ ಹತ್ತಿದವನಿಗೆ ತನ್ನ ಸ್ಥಿತಿ ಅರ್ಧವಾದರೂ ಗೊತ್ತಿರುತ್ತದೆ. ಒಪ್ಪಿಕೊಂಡರೆ ಊರಲ್ಲಿ ತಲೆಯೆತ್ತುವುದು ಹೇಗೆಂಬ ನಾಚಿಕೆಯೇ ಅವನನ್ನು ವಾದಕ್ಕಿಳಿಸುತ್ತದೆ. ಕೆಲವೊಮ್ಮೆ ನಿಜವಾಗಿಯೂ ಗೊತ್ತಿರುವುದಿಲ್ಲ. ಕುಡಿತ ಮಿತಿಮೀರಿದಾಗ ಮಿದುಳು ಹೊಸ ನೆನಪನ್ನು ಉಳಿಸಿಕೊಳ್ಳುವುದಿಲ್ಲ. ರಾತ್ರಿಯ ಬೈಗುಳವನ್ನು ಹೆಂಡತಿ ಬೆಳಿಗ್ಗೆ ನೆನಪಿಸಿದರೆ ‘ನಾನು ಅಂದೇ ಇಲ್ಲ’ ಎನ್ನುವವನು ನಾಟಕವಾಡುತ್ತಿರಲೇಬೇಕೆಂದಿಲ್ಲ.

ಹಾಗಾದರೆ ನಾಲ್ಕು ಜನರ ಮುಂದೆ ನಿಲ್ಲಿಸಿ, ಬೈದು ಒಪ್ಪಿಸಬಹುದೇ? ಅಮೆರಿಕದ ಮನಶ್ಶಾಸ್ತ್ರಜ್ಞ ವಿಲಿಯಂ ಮಿಲ್ಲರ್ ಮತ್ತು ಸಂಗಡಿಗರು 1993ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಕಂಡದ್ದು ತಿರುವುಮುರುವು: ಸಲಹೆಗಾರರು ಎದುರುವಾದಕ್ಕಿಳಿದಷ್ಟೂ, ವರ್ಷದ ಬಳಿಕ ಸಲಹೆಗೆ ಬಂದವರು ಹೆಚ್ಚು ಕುಡಿಯುತ್ತಿದ್ದರು. ನಮ್ಮ ಪಕ್ಕದ ಗೋವೆಯ ಪ್ರಾಥಮಿಕ ಆರೋಗ್ಯ ಕೇಂದ್ರಗಳಲ್ಲಿ, ಚಟ ಪೂರ್ತಿ ಬಲಿಯದ ಗಂಡಸರ ಜೊತೆ ತರಬೇತಿ ಪಡೆದ ಸಾಮಾನ್ಯ ಜನರೇ ಕೂತು, ದೂಷಿಸದೆ ಕೆಲವು ಸಲ ಮಾತಾಡಿದರು. 2017ರಲ್ಲಿ ಪ್ರಕಟವಾದ ಫಲಿತಾಂಶದ ಪ್ರಕಾರ, ಮೂರು ತಿಂಗಳಲ್ಲಿ ನೂರಕ್ಕೆ 36 ಮಂದಿಯ ಕುಡಿತ ಅಪಾಯದ ಮಟ್ಟದಿಂದ ಇಳಿದಿತ್ತು. ಮಾಮೂಲಿ ಆರೈಕೆಯಷ್ಟೇ ಸಿಕ್ಕವರಲ್ಲಿ 26. ನೂರರಲ್ಲಿ ಹತ್ತು ಎಂದರೆ ಹತ್ತು ಸಂಸಾರ. ಅದನ್ನು ಕಡಿಮೆಯೆಂದು ಹೇಳಲು ನನಗೆ ಮನಸ್ಸಿಲ್ಲ.

‘ಪೆಟ್ಟು ತಿಂದವಳೇ ಮೆತ್ತಗೆ ಮಾತಾಡಬೇಕಾ?’ ಎಂದು ಯಾರಾದರೂ ಕೇಳಿದರೆ ಆ ಸಿಟ್ಟು ನ್ಯಾಯವಾದದ್ದು. ಬೇಕಿಲ್ಲ. ತನ್ನ ಕೂಲಿಯನ್ನು ಅವನ ಕೈಗೆ ಕೊಡದಿರುವುದು, ಅವನ ಸಾಲ ತೀರಿಸದಿರುವುದು, ಹೊಡೆದರೆ ಮನೆ ಬಿಟ್ಟು ಹೋಗುವುದು, ಪೊಲೀಸರಿಗೆ ಹೇಳುವುದು, ಎಲ್ಲವೂ ಅವಳ ಹಕ್ಕು. ತಾಳ್ಮೆಯ ಮಾತಿನ ಹೊಣೆ ಅವನಿಂದ ಏಟು ತಿನ್ನದ ನಮ್ಮದು: ತೋಟದ ರೈಟರದು, ಆಶಾ ಕಾರ್ಯಕರ್ತೆಯದು, ಸಂತೆಯಲ್ಲಿ ಅವನನ್ನು ಕಂಡು ನಗುವವರದು. 2019ರಲ್ಲಿ ಪ್ರಕಟವಾದ ಕೇಂದ್ರ ಸರ್ಕಾರದ ಸಮೀಕ್ಷೆಯಂತೆ, ದೇಶದ ಮದ್ಯವ್ಯಸನಿಗಳಲ್ಲಿ 38 ಜನಕ್ಕೆ ಒಬ್ಬರಿಗಷ್ಟೇ ಯಾವುದಾದರೂ ನೆರವು ಸಿಕ್ಕಿದೆ. ಉಳಿದವರೆಲ್ಲ ಹಟದಿಂದಲೇ ದೂರ ಉಳಿದರೆಂದು ನಾನು ನಂಬಲಾರೆ. ‘ನಾಳೇನೇ ಬಿಡ್ತೀನಿ’ ಎಂದವನು ಹಿಂದೊಮ್ಮೆ ಬಿಟ್ಟು ನೋಡಿ, ಕೈ ನಡುಗಿ, ನಿದ್ದೆ ಹಾರಿ, ಹೆದರಿ ಮತ್ತೆ ಕುಡಿದಿರಬಹುದು. ಬಹಳ ಕಾಲ ಕುಡಿದವರು ದಿಢೀರನೆ ಬಿಟ್ಟರೆ ಫಿಟ್ಸ್ ಬರಬಹುದು, ಜೀವಕ್ಕೂ ಅಪಾಯ. ಹಾಗಾಗಿ ಆಣೆ ಹಾಕಿಸುವ ಬದಲು ‘ಬೆಳಿಗ್ಗೆ ಎದ್ದಾಗ ಕೈ ನಡುಗುತ್ತಾ?’ ಎಂದು ಕೇಳಿ. ಹೌದು ಅಂದರೆ, ಜೊತೆಗೇ ಹೋಗಿ ವೈದ್ಯರಿಗೆ ತೋರಿಸಿ. ಮೊದಲು ಫೋನಿನಲ್ಲಿ ವಿಚಾರಿಸಬೇಕೆಂದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ ಸಂಖ್ಯೆ 14416. ದುಡ್ಡು ಕೊಡಬೇಕಿಲ್ಲ, ಕನ್ನಡದಲ್ಲೇ ಮಾತಾಡಬಹುದು.