ಮಗು ಮಾತಾಡಲಿ, ನಾವು ಕಿವಿಗೊಡೋಣ



ಸಂಘಕ್ಕೆ ಸೇರಿದ ಹೊಸತರಲ್ಲಿ ಎದ್ದು ನಿಂತು ಹೆಸರು ಹೇಳಲು ನಮ್ಮಲ್ಲಿ ಎಷ್ಟು ಜನರಿಗೆ ಕಾಲು ನಡುಗಿತ್ತು, ನೆನಪಿದೆಯಾ? ಸೆರಗು ಬಾಯಿಗಿಟ್ಟು ಪಕ್ಕದವರ ಮುಖ ನೋಡುತ್ತಿದ್ದವರೇ ಇಂದು ಬ್ಯಾಂಕಿಗೆ ಹೋಗಿ ಸಾಲದ ಲೆಕ್ಕ ಕೇಳುತ್ತಾರೆ. ಇದು ಒಂದು ದಿನದಲ್ಲಿ ಆದದ್ದಲ್ಲ. ಪ್ರತಿ ಸಭೆಯಲ್ಲೂ ನಮ್ಮ ಸರದಿ ಬಂತು, ಉಳಿದವರು ನಗದೆ ಕೇಳಿದರು. ಹಾಗೆ ಮಾತು ಬಂತು.

ನಾಚಿಕೆಯ ಮಗುವಿಗೂ ಬೇಕಾದದ್ದು ಅಷ್ಟೇ. ಆದರೆ ನಾವೇನು ಮಾಡುತ್ತೇವೆ? ನೆಂಟರು "ಎಷ್ಟನೇ ಕ್ಲಾಸು ಮಗಾ?" ಅಂದರೆ, ಮಗು ಬಾಯಿ ತೆರೆಯುವ ಮೊದಲೇ "ನಾಲ್ಕನೇದು, ಇವಳಿಗೆ ಬಹಳ ನಾಚಿಕೆ" ಎಂದು ನಾವೇ ಹೇಳಿಬಿಡುತ್ತೇವೆ. ಹತ್ತು ಸಲ ಕೇಳಿದ ಮಗು ಅದನ್ನೇ ನಂಬುತ್ತದೆ.

ನಾಚಿಕೆ ರೋಗವಲ್ಲ. ಮಗು ಮೆತ್ತಗೆ ಮಾತಾಡಲಿ, ಆದರೆ ಬೇಕಾದಾಗ ಮಾತಾಡಲಿ. ಯಾರಾದರೂ ಮುಟ್ಟಬಾರದ ರೀತಿಯಲ್ಲಿ ಮುಟ್ಟಿದರೆ "ಬೇಡ" ಎನ್ನಲು, ಮನೆಗೆ ಬಂದು ಹೇಳಲು ಅದಕ್ಕೆ ಧೈರ್ಯ ಬೇಕು. ಪೆನ್ಸಿಲ್ ಕಳೆದುಹೋದ ಸಣ್ಣ ಮಾತನ್ನು ನಾವು ಕೇಳದಿದ್ದರೆ ಇಂಥ ದೊಡ್ಡ ಮಾತನ್ನು ಅದು ನಮಗೆ ಹೇಳುವುದಿಲ್ಲ.

ಹಾಗಾದರೆ ಏನು ಮಾಡೋಣ? ಪ್ರಶ್ನೆ ಕೇಳಿದ ಮೇಲೆ ಮನಸ್ಸಿನಲ್ಲೇ ಹತ್ತು ಎಣಿಸಿ ಕಾಯೋಣ. ಅಂಗಡಿಯಲ್ಲಿ "ಕಾಲು ಕೆ.ಜಿ. ಸಕ್ಕರೆ ಕೊಡಿ" ಎಂದು ಮಗುವೇ ಕೇಳಲಿ, ನಾವು ಹಿಂದೆ ನಿಲ್ಲೋಣ. ಇತರರ ಎದುರು ಬೈಯುವುದು, ಅಕ್ಕನಿಗೆ ಹೋಲಿಸುವುದು ಬೇಡ. ಮನೆಯಲ್ಲಿ ಚೆನ್ನಾಗಿ ಮಾತಾಡುವ ಮಗು ಶಾಲೆಯಲ್ಲಿ ತಿಂಗಳುಗಟ್ಟಲೆ ತುಟಿ ಬಿಚ್ಚದಿದ್ದರೆ ವೈದ್ಯರ ಸಲಹೆ ಕೇಳೋಣ. ಮಾತಾಡುತ್ತಿದ್ದ ಮಗು ಹಠಾತ್ತನೆ ಮಂಕಾದರೆ ಪಕ್ಕದಲ್ಲಿ ಕೂರಿಸಿಕೊಂಡು ವಿಚಾರಿಸೋಣ. ಮಕ್ಕಳ ಸಹಾಯವಾಣಿ 1098, ಕರೆ ಉಚಿತ.

ತನಗೆ ಸಂಬಂಧಿಸಿದ ವಿಷಯದಲ್ಲಿ ಮಾತಾಡುವುದು ಮಗುವಿನ ಹಕ್ಕು. ವಿಶ್ವಸಂಸ್ಥೆಯ 1989ರ ಮಕ್ಕಳ ಹಕ್ಕುಗಳ ಒಡಂಬಡಿಕೆಯ 12ನೇ ವಿಧಿ ಇದನ್ನೇ ಹೇಳುತ್ತದೆ. ಭಾರತ 1992ರಲ್ಲಿ ಅದನ್ನು ಒಪ್ಪಿಕೊಂಡಿದೆ. ನಮ್ಮ ರಾಜ್ಯದ ಗ್ರಾಮ ಪಂಚಾಯಿತಿಗಳಲ್ಲಿ ಮಕ್ಕಳ ಗ್ರಾಮ ಸಭೆ ನಡೆಸುವ ಪದ್ಧತಿಯೂ ಇದೆ. ಶಾಲೆಯ ಶೌಚಾಲಯಕ್ಕೆ ಬಾಗಿಲಿಲ್ಲ, ಬರುವ ದಾರಿಯಲ್ಲಿ ದೀಪವಿಲ್ಲ ಎಂದು ಮಕ್ಕಳು ಅಲ್ಲಿ ಅಧ್ಯಕ್ಷರನ್ನೇ ಕೇಳಬಹುದು.

ಈ ಸಲ ನಮ್ಮ ಪಂಚಾಯಿತಿಯಲ್ಲಿ ಸಭೆ ಯಾವಾಗ ಎಂದು ಸಂಘದಿಂದ ವಿಚಾರಿಸೋಣ. ಮಗು ತನ್ನ ಪ್ರಶ್ನೆಯನ್ನು ಚೀಟಿಯಲ್ಲಿ ಬರೆದುಕೊಂಡು ಹೋಗಲಿ, ನಡುಗುವ ದನಿಯಲ್ಲಿ ಓದಿದರೂ ಸಾಕು. ಆ ಬಾಗಿಲು ಬಂತೋ ಇಲ್ಲವೋ ಎಂದು ಮುಂದಿನ ತಿಂಗಳು ಪಂಚಾಯಿತಿಗೆ ಹೋಗಿ ಕೇಳುವುದು ನಮ್ಮ ಕೆಲಸ. ಕೇಳಿದ್ದಕ್ಕೆ ಉತ್ತರ ಸಿಕ್ಕ ಮಗು ಮತ್ತೊಮ್ಮೆ ಕೇಳುತ್ತದೆ.