ಸ್ವಸ್ಥನಾರು?



ಸಂಸ್ಕೃತದಲ್ಲಿ ಬೇನೆಗೆ ಎರಡು ಶಬ್ದಗಳುಂಟು. ಮನಸ್ಸಿನ ಬೇನೆಗೆ ಆಧಿ ಎನ್ನುವರು, ಶರೀರದ ಬೇನೆಗೆ ವ್ಯಾಧಿ ಎನ್ನುವರು. ಬೇನೆಯಿಲ್ಲದವನಿಗೆ ಇರುವ ಶಬ್ದವೂ ವಿಚಾರ ಮಾಡತಕ್ಕದ್ದು. ಅವನನ್ನು ಸ್ವಸ್ಥ ಎಂದು ಕರೆಯುತ್ತೇವೆ. 'ಸ್ವ' ಎಂದರೆ ತಾನು, 'ಸ್ಥ' ಎಂದರೆ ನಿಂತವನು. ತನ್ನಲ್ಲಿ ತಾನು ನೆಲೆಯಾಗಿ ನಿಂತವನೇ ಸ್ವಸ್ಥ. ಈ ಅರ್ಥವನ್ನು ಹಿಡಿದು ನೋಡಿದರೆ, ಗಟ್ಟಿಮುಟ್ಟಾದ ದೇಹವಿದ್ದ ಎಷ್ಟೋ ಜನರು ಅಸ್ವಸ್ಥರೇ ಸರಿ. ರೋಗವನ್ನು ದೇಹದಲ್ಲಿ ಹೊತ್ತುಕೊಂಡೂ ಸ್ವಸ್ಥರಾಗಿ ಬಾಳಿದವರೂ ಉಂಟು. ಅಂಥವರೊಬ್ಬರ ವಿಷಯವನ್ನು ಇಂದು ಹೇಳಬೇಕೆಂದಿದ್ದೇವೆ. ಅವರು ನಮ್ಮ ನಾಡಿನವರಲ್ಲ, ನಮ್ಮ ಮತದವರೂ ಅಲ್ಲ. ದಕ್ಷಿಣ ಆಫ್ರಿಕದ ಕ್ರೈಸ್ತ ಧರ್ಮಗುರುಗಳು. ಡೆಸ್ಮಂಡ್ ಟುಟು ಎಂದು ಅವರ ಹೆಸರು. ಒಳ್ಳೆಯದನ್ನು ಕೇಳುವುದಕ್ಕೆ ಮತದ ಅಡ್ಡಿ ಇರಬಾರದು.

ಟುಟು ಅವರು ಹುಟ್ಟಿದ್ದು 1931ನೆಯ ಇಸವಿ ಅಕ್ಟೋಬರ್ 7ರಂದು. ತಂದೆ ಶಾಲೆಯ ಮಾಸ್ತರರು. ತಾಯಿ ಪರರ ಮನೆಗೆಲಸ ಮಾಡಿದವರು. ಬಡತನ ಒಂದು ಕಡೆ, ಮೈಯ ಅಶಕ್ತತೆ ಇನ್ನೊಂದು ಕಡೆ. ಎಳೆಯ ವಯಸ್ಸಿನಲ್ಲಿ ಪೋಲಿಯೋ ಬಂದು ಬಲಗೈ ಸೊರಗಿತು. ಹದಿಹರೆಯದಲ್ಲಿ ಕ್ಷಯರೋಗ ಬಂದು ಸುಮಾರು ಒಂದೂವರೆ ವರ್ಷ ಆಸ್ಪತ್ರೆಯಲ್ಲಿ ಮಲಗಬೇಕಾಯಿತು. ಅಂದಿನ ದಿನದಲ್ಲಿ ಕ್ಷಯವೆಂದರೆ ಜನ ಆಸೆ ಬಿಡುತ್ತಿದ್ದರು. ಆಗ ಟ್ರೆವರ್ ಹಡಲ್‌ಸ್ಟನ್ ಎಂಬ ಬಿಳಿಯ ಪಾದ್ರಿಗಳು ಈ ಕರಿಯ ಹುಡುಗನ ಹಾಸಿಗೆಯ ಬಳಿಗೆ ತಪ್ಪದೆ ಬಂದು ಕುಳಿತು, ಮಾತನಾಡಿಸಿ ಹೋಗುತ್ತಿದ್ದರು. ಬಿಳಿಯರು ಕರಿಯರನ್ನು ಮನುಷ್ಯರೆಂದೇ ಎಣಿಸದ ನಾಡಿನಲ್ಲಿ ಇದು ಸಾಮಾನ್ಯ ಮಾತಲ್ಲ. ರೋಗಿಯ ಬಳಿ ಹೋಗಿ ಕೂಡುವುದು ಎಂಥ ದೊಡ್ಡ ಸೇವೆಯೆಂಬುದನ್ನು ಇದರಿಂದ ತಿಳಿಯಿರಿ. ಅದರ ಫಲ ಯಾವಾಗ ಯಾರಿಗೆ ಮುಟ್ಟುವುದೋ ಹೇಳಲಾಗದು.

ಹುಡುಗನಿಗೆ ತಾನು ಡಾಕ್ಟರನಾಗಬೇಕೆಂಬ ಆಸೆ ಹುಟ್ಟಿತು. ವೈದ್ಯ ವಿದ್ಯಾಲಯದಲ್ಲಿ ಪ್ರವೇಶವೂ ಸಿಕ್ಕಿತು. ಆದರೆ ಶುಲ್ಕ ಕಟ್ಟಲು ತಂದೆತಾಯಿಗಳಲ್ಲಿ ಹಣವಿರಲಿಲ್ಲ. ತಂದೆಯಂತೆ ಮಾಸ್ತರಿಕೆಯನ್ನು ಹಿಡಿದರು. 1948ರಿಂದ ಆ ದೇಶದಲ್ಲಿ ವರ್ಣಭೇದವೇ ಸರಕಾರದ ನೀತಿಯಾಗಿತ್ತು. 1953ರಲ್ಲಿ ಕರಿಯರ ಮಕ್ಕಳಿಗೆ ಕೀಳು ತರದ ಶಿಕ್ಷಣವನ್ನೇ ಕೊಡಬೇಕೆಂಬ ಕಾಯಿದೆ ಬಂದಿತು. ಇಂಥ ವಿದ್ಯೆಯನ್ನು ಮಕ್ಕಳ ತಲೆಯಲ್ಲಿ ತುಂಬುವುದು ಪಾಪವೆಂದು ಬಗೆದು ಟುಟು ಅವರು ಆ ಕೆಲಸ ಬಿಟ್ಟರು, 1961ರಲ್ಲಿ ಪಾದ್ರಿಗಳಾದರು. ಮುಂದೆ ಊರೂರು, ದೇಶದೇಶ ತಿರುಗಿ ಆ ಅನ್ಯಾಯವನ್ನು ಕುರಿತು ಮಾತನಾಡಿದರು. ಆಳುವವರು ಪಾಸ್‌ಪೋರ್ಟ್ ಕಿತ್ತುಕೊಂಡರೂ ಅವರ ಬಾಯಿ ಮುಚ್ಚಲಾಗಲಿಲ್ಲ. 1984ರಲ್ಲಿ ನೊಬೆಲ್ ಶಾಂತಿ ಪಾರಿತೋಷಕ ದೊರೆಯಿತು. 1986ರಲ್ಲಿ ಕೇಪ್‌ಟೌನಿನ ಆರ್ಚ್‌ಬಿಷಪ್ಪರಾದರು. ಇಷ್ಟೆಲ್ಲ ಕೀರ್ತಿ ಬಂದವರಿಗೆ ಸ್ವಂತ ದೇಶದಲ್ಲಿ ಮತ ಹಾಕುವ ಹಕ್ಕು ಇರಲಿಲ್ಲವೆಂದರೆ ನಂಬುವಿರಾ? 1994ನೆಯ ಏಪ್ರಿಲದಲ್ಲಿ, ತಮ್ಮ 62ನೆಯ ವಯಸ್ಸಿನಲ್ಲಿ, ಅವರು ಮೊದಲ ಸಲ ಮತ ಹಾಕಿದರು.

ರಾಜ್ಯ ಬದಲಾಯಿತು, ನೆಲ್ಸನ್ ಮಂಡೇಲಾ ಅಧ್ಯಕ್ಷರಾದರು. ಆದರೆ ಜನರ ಎದೆಯ ಗಾಯ ಮಾಯಬೇಕಲ್ಲ! ಮಕ್ಕಳನ್ನು ಕಳೆದುಕೊಂಡ ತಾಯಂದಿರು ಒಂದು ಕಡೆ, ಕೊಂದವರು ಇನ್ನೊಂದು ಕಡೆ. ಇಬ್ಬರೂ ಒಂದೇ ನೆಲದ ಮೇಲೆ ಬಾಳಬೇಕು. ಇದಕ್ಕಾಗಿ ಸತ್ಯ ಮತ್ತು ಸಮನ್ವಯ ಆಯೋಗವನ್ನು ರಚಿಸಿ ಟುಟು ಅವರನ್ನು ಅದರ ಅಧ್ಯಕ್ಷರನ್ನಾಗಿ ಮಾಡಿದರು. 1996ರ ಏಪ್ರಿಲದಲ್ಲಿ ವಿಚಾರಣೆ ಆರಂಭವಾಯಿತು. ನೊಂದವರು ಎಲ್ಲರ ಎದುರಿಗೆ ತಮ್ಮ ದುಃಖ ಹೇಳಬೇಕು. ತಪ್ಪು ಮಾಡಿದವರು ಮಾಡಿದ್ದನ್ನೆಲ್ಲ ಮುಚ್ಚದೆ ಒಪ್ಪಿಕೊಂಡರೆ ಕ್ಷಮೆಯ ವಿಚಾರ. ಕ್ಷಮೆ ಸುಮ್ಮನೆ ಹಂಚುವ ಪ್ರಸಾದವಾಗಿರಲಿಲ್ಲ. ಸುಮಾರು 7,000 ಅರ್ಜಿಗಳಲ್ಲಿ 849 ಮಾತ್ರ ಮಂಜೂರಾದವು. ನೊಂದವರ ಹೇಳಿಕೆಗಳಾದರೋ 20,000ಕ್ಕೂ ಹೆಚ್ಚು. ಎರಡನೆಯ ದಿನವೇ, ಗಾಲಿಕುರ್ಚಿಯಲ್ಲಿ ಬಂದ ಒಬ್ಬ ವೃದ್ಧರ ಕಥೆ ಕೇಳಿ, ಅಧ್ಯಕ್ಷರು ಮೇಜಿನ ಮೇಲೆ ತಲೆಯಿಟ್ಟು ಅತ್ತುಬಿಟ್ಟರು.

ಇಂಥ ಕೆಲಸದ ನಡುವೆ, 1997ರ ಜನವರಿಯಲ್ಲಿ, ಅವರಿಗೆ ಪ್ರಾಸ್ಟೇಟ್ ಗ್ರಂಥಿಯ ಕ್ಯಾನ್ಸರ್ ಇದೆಯೆಂದು ತಿಳಿದುಬಂತು. ಆಯುರ್ವೇದದಲ್ಲಿ ಅರ್ಬುದವೆಂಬ ಹೆಸರಿನಿಂದ ಗಂಟುಬೇನೆಗಳ ವಿವರ ಬರುತ್ತದೆ. ಈಗ ಕ್ಯಾನ್ಸರಿಗೂ ಅರ್ಬುದ ರೋಗವೆನ್ನುವುದುಂಟು. ಆಗ ಅವರಿಗೆ 65 ವರ್ಷ. ಈ ಸುದ್ದಿ ಕೇಳಿ ಅವರು ಏನು ಮಾಡಿದರೆಂಬುದೇ ಇಂದಿನ ಮಾತಿನ ಸಾರ.

ಮೊದಲನೆಯದಾಗಿ, ಅವರು ರೋಗವನ್ನು ಮುಚ್ಚಿಡಲಿಲ್ಲ. ಗಂಡಸರು ಹೇಳಿಕೊಳ್ಳಲು ನಾಚುವ ಜಾಗದ ರೋಗವದು. ಆದರೂ ಜಗತ್ತಿಗೆಲ್ಲ ತಿಳಿಸಿದರು. ತಮ್ಮನ್ನು ನೋಡಿಯಾದರೂ ಉಳಿದ ಗಂಡಸರು ಪರೀಕ್ಷೆ ಮಾಡಿಸಿಕೊಳ್ಳಲಿ ಎಂಬುದು ಉದ್ದೇಶ. ಎರಡನೆಯದಾಗಿ, ತಾವು ದೇವರ ಸೇವಕರು, ಪ್ರಾರ್ಥನೆಯೊಂದೇ ಸಾಕೆಂದು ಕೂಡಲಿಲ್ಲ. ಪ್ರಾರ್ಥನೆ ಬಿಡಲಿಲ್ಲ, ವಿದೇಶಕ್ಕೆ ಹೋಗಿ ವೈದ್ಯರ ಚಿಕಿತ್ಸೆಯನ್ನೂ ಪಡೆದರು. ಮೂರನೆಯದಾಗಿ, ಹಿಡಿದ ಕಾಯಕವನ್ನು ನಡುವೆ ಬಿಡಲಿಲ್ಲ. 1998ನೆಯ ಅಕ್ಟೋಬರ್ 29ರಂದು ಆಯೋಗದ ವರದಿಯನ್ನು ಮಂಡೇಲಾ ಅವರ ಕೈಯಲ್ಲಿಟ್ಟರು.

ಈ ರೋಗ ಹೇಗಿದ್ದರೂ ಬರುತ್ತಿತ್ತೇನೋ, ಆದರೂ ಗಾಯಗೊಂಡ ಜನರನ್ನು ಮಾಯಿಸಲು ಹೋದವರು ಬೆಲೆ ತೆರಬೇಕಾಗುತ್ತದೆಂಬುದನ್ನು ಅದು ಕಣ್ಣಿಗೆ ಕಾಣುವಂತೆ ಮಾಡಿತೆಂದು ಅವರು ಬರೆದಿದ್ದಾರೆ. ನೋಡಿರಿ, ಅವರು ಇದನ್ನು ಶಿಕ್ಷೆಯೆಂದು ತಿಳಿಯಲಿಲ್ಲ. ದೇವರ ಮೇಲೆ ದೂರು ಹೊರಿಸಲಿಲ್ಲ.

ರೋಗ ಅವರನ್ನು ಪೂರ್ತಿ ಬಿಟ್ಟು ಹೋಯಿತೆಂದೂ ತಿಳಿಯಬೇಡಿರಿ. 1999ರಲ್ಲಿ ಮತ್ತೆ ಬಂತು, 2006ರಲ್ಲಿ ಮತ್ತೊಮ್ಮೆ ಬಂತು. ಬಂದಾಗ ಚಿಕಿತ್ಸೆ ಪಡೆದರು, ಎದ್ದು ಕೆಲಸಕ್ಕೆ ಹೋದರು. ನಮ್ಮ ಭಾರತ ಸರಕಾರವು 2005ನೆಯ ಸಾಲಿನ ಗಾಂಧಿ ಶಾಂತಿ ಪ್ರಶಸ್ತಿಯನ್ನು ಅವರಿಗೆ ಕೊಟ್ಟಿತು. ಗಾಂಧೀಜಿ ಸತ್ಯಾಗ್ರಹವನ್ನು ಮೊದಲು ಹೂಡಿದ ನೆಲದವರಿಗೆ ಅದು ಸಲ್ಲತಕ್ಕದ್ದೇ ಆಗಿತ್ತು. ರೋಗ ಗೊತ್ತಾದ ಮೇಲೆ ಹೆಚ್ಚುಕಡಿಮೆ 25 ವರ್ಷ ಬಾಳಿ, 2021ನೆಯ ಡಿಸೆಂಬರ್ 26ರಂದು, 90ನೆಯ ವಯಸ್ಸಿನಲ್ಲಿ ಅವರು ಕಣ್ಣುಮುಚ್ಚಿದರು. ಅವರ ಇಚ್ಛೆಯಂತೆ ಬಡವರ ಸಾದಾ ಮರದ ಪೆಟ್ಟಿಗೆಯಲ್ಲಿ ದೇಹವನ್ನಿಟ್ಟರು.

ಇನ್ನು ನಮ್ಮ ನಿಮ್ಮ ಮಾತು. ಮಠಕ್ಕೆ ಬರುವ ಭಕ್ತರಲ್ಲಿ ಎಷ್ಟೋ ಜನ, ರೋಗ ಕೈಮೀರಿದ ಮೇಲೆ ನಮ್ಮ ಮುಂದೆ ಬಂದು ಅಳುತ್ತಾರೆ. ಇಷ್ಟು ದಿನ ಏಕೆ ಹೇಳಲಿಲ್ಲವೆಂದು ಕೇಳಿದರೆ ತಲೆ ತಗ್ಗಿಸುತ್ತಾರೆ. ತಾಯಿಗೆ ಮಗಳ ಲಗ್ನ ತಪ್ಪೀತೆಂಬ ಅಂಜಿಕೆ. ತಂದೆಗೆ ಮಕ್ಕಳಿಗೆ ಖರ್ಚಾದೀತೆಂಬ ಅಂಜಿಕೆ. ಮನೆಯವರಾದರೂ ರೋಗಿಯ ತಾಟು, ತಂಬಿಗೆ ಬೇರೆ ಇಡುತ್ತಾರೆ. ಕ್ಯಾನ್ಸರ್ ಮುಟ್ಟಿದರೆ ಅಂಟುವ ರೋಗವಲ್ಲ. ಇದು ಹೋದ ಜನ್ಮದ ಪಾಪವೆಂದು ನೆರೆಯವರು ಹೇಳಿಹೋಗುತ್ತಾರೆ. ವ್ಯಾಧಿಯಿಂದ ಬಳಲುವವನಿಗೆ ಆಧಿಯನ್ನೂ ಕೂಡಿಸುವುದು ಯಾವ ಧರ್ಮ? ಪಾಪಿಗಳಿಗೆ ಮಾತ್ರ ರೋಗ ಬರುವುದಾದರೆ ಟುಟು ಅವರಿಗೇಕೆ ಬರಬೇಕಿತ್ತು? ರೋಗ ಬಂದವನು ಪಾಪಿಯಲ್ಲ. ರೋಗ ವಾಸಿಯಾಗಲಿಲ್ಲವೆಂದರೆ ಅವನ ಭಕ್ತಿ ಕಡಿಮೆಯಾಯಿತೆಂದೂ ಅಲ್ಲ.

ಆದುದರಿಂದ ನಾವು ಹೇಳುವುದಿಷ್ಟೇ. ಮೈಯಲ್ಲಿ ಗಂಟು ಕಂಡರೆ, ಮಾಯದ ಹುಣ್ಣಿದ್ದರೆ, ಮೂತ್ರಕ್ಕೆ ಹೋಗುವಾಗ ತೊಂದರೆಯಾದರೆ ನಾಚದೆ ವೈದ್ಯರಿಗೆ ತೋರಿಸಿರಿ. ಪ್ರಾಸ್ಟೇಟಿನ ರೋಗ ಮೊದಮೊದಲು ಯಾವ ಲಕ್ಷಣವನ್ನೂ ತೋರದೆ ಇರಬಹುದು. ಐವತ್ತು ದಾಟಿದ ಗಂಡಸರು ಪರೀಕ್ಷೆಯ ಬಗ್ಗೆ ವೈದ್ಯರನ್ನು ತಾವಾಗಿಯೇ ಕೇಳುವುದು ಲೇಸು. ಹರಕೆ ಹೊರುವುದಾದರೆ ಹೊರಿರಿ. ಔಷಧ ಬಿಟ್ಟು ಹರಕೆ ಬೇಡ. ಮನೆಯಲ್ಲಿ ರೋಗಿ ಇದ್ದರೆ ಅವರ ಬಳಿ ಹೋಗಿ ಕೂಡಿರಿ, ಅವರ ಕೈಲಾಗುವ ಕೆಲಸವನ್ನು ಅವರಿಂದ ಕಸಿಯಬೇಡಿರಿ. ಆಯುಷ್ಯದ ಲೆಕ್ಕ ನಮ್ಮ ಕೈಯಲ್ಲಿಲ್ಲ. ಇರುವಷ್ಟು ದಿನ ತನ್ನಲ್ಲಿ ತಾನು ನಿಂತು ನಾಲ್ಕು ಜನರಿಗೆ ಬೇಕಾಗಿ ಬಾಳುವುದು ಕೈಯಲ್ಲಿದೆ. ಅಂಥ ಸ್ವಸ್ಥತೆ ನಿಮಗೆಲ್ಲರಿಗೂ, ಈ ಸಭೆಯಲ್ಲಿ ಯಾರಿಗೂ ಹೇಳದೆ ಬೇನೆ ತಿನ್ನುತ್ತ ಕುಳಿತವರಿಗೆ ಎಲ್ಲರಿಗಿಂತ ಮೊದಲು, ಲಭಿಸಲೆಂದು ಹಾರೈಸಿ ಈ ಆಶೀರ್ವಚನವನ್ನು ಮುಗಿಸುತ್ತೇವೆ.