ಉದ್ಯಾನದ ಆದಾಯ ಮತ್ತು ಅಂಚಿನ ಊರುಗಳು

(ವಿದ್ಯಾರ್ಥಿಗಳಿಗೂ ಗ್ರಾಮಸ್ಥರಿಗೂ ನೀಡಿದ ಉಪನ್ಯಾಸದ ಬರಹರೂಪ)



ರಾಷ್ಟ್ರೀಯ ಉದ್ಯಾನವೆಂದೊಡನೆ ಮಲೆನಾಡಿಗರಿಗೆ ನೆನಪಾಗುವುದು ಅರಣ್ಯ ಇಲಾಖೆ. ಎಲ್ಲ ದೇಶಗಳಲ್ಲೂ ವ್ಯವಸ್ಥೆ ಹೀಗಿಲ್ಲ. ದಕ್ಷಿಣ ಆಫ್ರಿಕದ ರಾಷ್ಟ್ರೀಯ ಉದ್ಯಾನಗಳನ್ನು ‘ಸ್ಯಾನ್‌ಪಾರ್ಕ್ಸ್’ ಎಂಬ ಸಂಸ್ಥೆ ನಡೆಸುತ್ತದೆ. ಅದರ ಒಡೆತನ ಸರ್ಕಾರದ್ದು. ಆದರೆ ಮಂಡಳಿಯೂ ಲೆಕ್ಕಪತ್ರವೂ ಪ್ರತ್ಯೇಕ. ಕಾಡಂಚಿನ ರೈತರು ತಿಳಿಯಬೇಕಾದ ಸಂಗತಿಗಳು ಅದರ ಅನುಭವದಲ್ಲಿವೆ.

ಕ್ರೂಗರ್ ಉದ್ಯಾನವು 1926ರ ಕಾಯಿದೆಯಿಂದ ಸ್ಥಾಪಿತವಾಯಿತು. ಈಗ ಸಂಸ್ಥೆಯನ್ನು ಆಳುವುದು 2003ರ ಸಂರಕ್ಷಿತ ಪ್ರದೇಶಗಳ ಕಾಯಿದೆ. ಅದರಂತೆ ಪರಿಸರ ಸಚಿವರು ಮೊದಲು ಸಾರ್ವಜನಿಕರಿಂದ ಹೆಸರುಗಳನ್ನು ಆಹ್ವಾನಿಸಿ, ಅನಂತರ ಮಂಡಳಿಯ ಸದಸ್ಯರನ್ನು ನೇಮಿಸಬೇಕು. ಲೆಕ್ಕಪರಿಶೋಧನೆಯಾದ ವಾರ್ಷಿಕ ವರದಿ ಸಂಸತ್ತಿನ ಮುಂದೆ ಬರಬೇಕು. ಕ್ರಮವೇನೋ ಒಳ್ಳೆಯದೇ. ಆದರೆ ಸಂಸ್ಥೆಯ ಒಲವು ಯಾವ ಕಡೆಗೆಂಬುದನ್ನು ಅರಿಯಲು ಅದರ ಆದಾಯದ ಮೂಲವನ್ನು ನೋಡಬೇಕು.

ಅಲ್ಲಿ ಸರ್ಕಾರದ ಅನುದಾನಕ್ಕಿಂತ ಪ್ರವೇಶಶುಲ್ಕ, ವಸತಿಗೃಹ ಮೊದಲಾದ ಸ್ವಂತ ಗಳಿಕೆಯ ಪಾಲೇ ದೊಡ್ಡದು. ಇಪ್ಪತ್ತರಷ್ಟು ಉದ್ಯಾನಗಳಲ್ಲಿ ಖರ್ಚು ಕಳೆದು ಹಣ ಮಿಗಿಸುವವು ಕೆಲವೇ; ಅವುಗಳಲ್ಲಿ ಕ್ರೂಗರ್ ಮುಖ್ಯವಾದುದು. ಅಡಿಕೆಯ ದುಡ್ಡಿನಲ್ಲಿ ಗದ್ದೆಯ ಖರ್ಚು ತೂಗಿಸುವ ಮನೆಯಂತೆ, ಕ್ರೂಗರಿನ ಗಳಿಕೆಯಿಂದ ಉಳಿದ ಉದ್ಯಾನಗಳು ನಡೆಯುತ್ತವೆ. ಅಡಿಕೆಗೆ ಕೊಳೆ ಬಂದ ವರ್ಷ ಆ ಮನೆಯ ಗತಿಯೇನೆಂದು ಇಲ್ಲಿ ಯಾರಿಗೂ ಹೇಳಬೇಕಾಗಿಲ್ಲ. 2020ರಲ್ಲಿ ಕೋವಿಡ್ ನಿಮಿತ್ತ ಉದ್ಯಾನಗಳು ಮುಚ್ಚಿದಾಗ ಗಳಿಕೆ ಕುಸಿಯಿತು. ಸರ್ಕಾರವೇ ಹೆಚ್ಚುವರಿ ಹಣ ಒದಗಿಸಬೇಕಾಯಿತು. ಪ್ರವಾಸಿಯ ಹಣದಿಂದ ಬದುಕುವ ಸಂಸ್ಥೆಗೆ ವಸತಿಗೃಹದ ಚಿಂತೆ ಮೊದಲು, ಬೇಲಿಯಾಚೆಯ ಹೊಲದ ಚಿಂತೆ ಬಳಿಕ. ಅದು ಅಧಿಕಾರಿಗಳ ದುಷ್ಟತನವಲ್ಲ, ಆ ಏರ್ಪಾಡಿನ ಸ್ವಭಾವ.

ಹಾಗಾದರೆ ಊರಿನವರಿಗೆ ಅಲ್ಲಿ ಸ್ಥಾನವೇ ಇಲ್ಲವೇ? ಒಂದು ಊರಿನವರು ಅದನ್ನು ಪಡೆದಿದ್ದಾರೆ. ಕ್ರೂಗರಿನ ಉತ್ತರ ತುದಿಯಲ್ಲಿ ಲಿಂಪೊಪೊ ಮತ್ತು ಲುವುವ್ಹು ನದಿಗಳ ನಡುವೆ ಮಕುಲೆಕೆ ಜನರು ನೆಲೆಸಿದ್ದರು. 1969ರಲ್ಲಿ ವರ್ಣಭೇದದ ಸರ್ಕಾರ ಅವರನ್ನು ಬಲವಂತದಿಂದ ಒಕ್ಕಲೆಬ್ಬಿಸಿ, ಆ ನೆಲವನ್ನು ಉದ್ಯಾನಕ್ಕೆ ಸೇರಿಸಿತು. 1994ರಲ್ಲಿ ಭೂಮಿಯ ಹಕ್ಕುಗಳನ್ನು ಮರಳಿಸುವ ಕಾಯಿದೆ ಬಂದಿತು. ಅದರ ಬಲದಿಂದ 1998ರಲ್ಲಿ ಆ ಜನರಿಗೆ ಭೂಮಿಯ ಒಡೆತನ ಮರಳಿ ದೊರೆಯಿತು. ಅವರು ಅಲ್ಲಿ ಮತ್ತೆ ಮನೆ ಕಟ್ಟಲಿಲ್ಲ, ಉಳುಮೆಯನ್ನೂ ಮಾಡಲಿಲ್ಲ. ನೆಲವು ಉದ್ಯಾನವಾಗಿಯೇ ಉಳಿಯಲೆಂದು ಒಪ್ಪಂದ ಮಾಡಿಕೊಂಡರು. ಅದರ ಆಡಳಿತಕ್ಕೆ ಸಂಸ್ಥೆಯವರೂ ಊರಿನವರೂ ಸಮಸಂಖ್ಯೆಯಲ್ಲಿರುವ ಜಂಟಿ ಮಂಡಳಿ ರಚನೆಯಾಯಿತು. ವಸತಿಗೃಹಗಳ ಗುತ್ತಿಗೆಯಿಂದ ಬರುವ ಪಾಲು ಊರಿನ ಸಂಘಕ್ಕೆ ಸೇರುತ್ತದೆ. ಒಡೆತನದ ಹಕ್ಕಿಲ್ಲದೆ ಬರಿಯ ಸಲಹೆಗಾರರಾಗಿ ಕುಳಿತಿದ್ದರೆ ಇಷ್ಟು ಸಿಗುತ್ತಿತ್ತೆಂದು ನಂಬುವುದು ಕಷ್ಟ. ಕ್ರೂಗರಿನ ಮೇಲೆ ಹಕ್ಕು ಸಾಧಿಸಿದ ಇತರ ಸಮುದಾಯಗಳಿಗೆ ಭೂಮಿಯ ಬದಲು ಬೇರೆ ಪರಿಹಾರವೇ ಸಾಕೆಂದು ಸರ್ಕಾರ 2008ರ ಡಿಸೆಂಬರಿನಲ್ಲಿ ತೀರ್ಮಾನಿಸಿತೆಂಬುದನ್ನೂ ಗಮನಿಸಬೇಕು.

ಕರ್ನಾಟಕದಲ್ಲೂ ಇಲಾಖೆಯ ಹೊರತಾದ ಒಂದು ಖಾತೆಯುಂಟು. ವನ್ಯಜೀವಿ ಸಂರಕ್ಷಣಾ ಕಾಯಿದೆಯ 2006ರ ತಿದ್ದುಪಡಿಯಲ್ಲಿ ಸೇರಿದ 38-ಎಕ್ಸ್ ಕಲಮಿನಂತೆ ಹುಲಿ ಮೀಸಲು ಪ್ರದೇಶಗಳಿಗೆ ಹುಲಿ ಸಂರಕ್ಷಣಾ ಪ್ರತಿಷ್ಠಾನ ಇರಬೇಕು. ಭದ್ರಾ, ಕಾಳಿ ಎರಡೂ ಇದರ ವ್ಯಾಪ್ತಿಯವು. ಕುದುರೆಮುಖ ರಾಷ್ಟ್ರೀಯ ಉದ್ಯಾನವೇ ಹೊರತು ಹುಲಿ ಮೀಸಲು ಪ್ರದೇಶವಲ್ಲ. ಆದುದರಿಂದ ಈ ಕಲಮು ಅದಕ್ಕೆ ಅನ್ವಯಿಸದು. ಪ್ರವಾಸಿಗಳ ಶುಲ್ಕ ಖಜಾನೆಗೆ ಹೋಗದೆ ಪ್ರತಿಷ್ಠಾನದಲ್ಲೇ ಉಳಿದು, ಕಾಡಿಗೂ ಕಾಡಂಚಿನ ಜನರ ಅಭಿವೃದ್ಧಿಗೂ ವಿನಿಯೋಗವಾಗಲೆಂಬುದು ಈ ಏರ್ಪಾಡಿನ ಉದ್ದೇಶ. ಜನರ ಪಾಲ್ಗೊಳ್ಳುವಿಕೆಯೆಂಬ ಮಾತು ಕಲಮಿನಲ್ಲಿಯೇ ಇದೆ.

ಮೀಸಲು ಪ್ರದೇಶದ ಅಂಚಿನ ಊರಿನವರು ಪ್ರತಿಷ್ಠಾನಕ್ಕೆ ಕಳೆದ ಮೂರು ವರ್ಷ ಬಂದ ಹಣವೆಷ್ಟು, ಆನೆಕಂದಕಕ್ಕೆ ಎಷ್ಟು, ಪ್ರವಾಸಿ ವಾಹನಗಳಿಗೆ ಎಷ್ಟು, ಹಳ್ಳಿಗಳಿಗೆ ಎಷ್ಟು ಖರ್ಚಾಯಿತೆಂದು 2005ರ ಮಾಹಿತಿ ಹಕ್ಕು ಕಾಯಿದೆಯಡಿ ಕೇಳಬಹುದು. ಅರ್ಜಿ ಬರೆಯಲು ಕಾಲೇಜಿನ ವಿದ್ಯಾರ್ಥಿಗಳು ನೆರವಾಗಲಿ. ಉತ್ತರ ಬಂದಾಗ ಅದನ್ನು ಗ್ರಾಮಸಭೆಯಲ್ಲಿ ಗಟ್ಟಿಯಾಗಿ ಓದಿಸಿ, ನಡವಳಿಯಲ್ಲಿ ಸೇರಿಸುವುದನ್ನು ಮರೆಯಬಾರದು.